ಕೋಲಾರದ ಗ್ರಂಥಾಲಯಗಳಿಗೆ ವಲಸೆಯ ಚಿತ್ರಪುಸ್ತಕಗಳು ಬರಲಿ: ಗ್ರಂಥಾಲಯ ಇಲಾಖೆಗೆ ಒಂದು ಬಹಿರಂಗ ಪತ್ರ

ಸಾರ್ವಜನಿಕ ಗ್ರಂಥಾಲಯ ಇಲಾಖೆಯ ನಿರ್ದೇಶಕರಿಗೆ, ಪುಸ್ತಕ ಆಯ್ಕೆ ಸಮಿತಿಯ ಸದಸ್ಯರಿಗೆ, ಹಾಗೇ ಕೋಲಾರ ಜಿಲ್ಲೆಯ ಓದುಗರಿಗೆ,

ನಮಸ್ಕಾರ.

ನಾನು ಬಂಗಾರಪೇಟೆ ತಾಲ್ಲೂಕಿನ ಒಂದು ಪ್ರೌಢಶಾಲೆಯಲ್ಲಿ ಡ್ರಾಯಿಂಗ್ ಮೇಷ್ಟ್ರು. ಕಡತದಲ್ಲಿ ಚಿತ್ರಕಲಾ ಶಿಕ್ಷಕ. ಈ ಕಾಗದವನ್ನು ಟಪಾಲಿನಲ್ಲಿ ನಿಮ್ಮ ಕಚೇರಿಗೆ ಕಳಿಸಬಹುದಿತ್ತು. ಆದರೆ ವಿಷಯ ಕಚೇರಿಯೊಂದಕ್ಕೇ ಸೇರಿದ್ದಲ್ಲ. ಗ್ರಂಥಾಲಯಕ್ಕೆ ದುಡ್ಡು ಕೊಡುವವರು ನಾವೆಲ್ಲರೂ. ಆಸ್ತಿ ತೆರಿಗೆಯ ಜೊತೆಗೆ ಶೇ. 6ರಷ್ಟು ಗ್ರಂಥಾಲಯ ಕರ ಕಟ್ಟುತ್ತೇವೆ. ಕಟ್ಟಿದವರಲ್ಲಿ ಎಷ್ಟು ಜನ ಗ್ರಂಥಾಲಯದ ಮೆಟ್ಟಿಲು ಹತ್ತಿದ್ದಾರೆ ಅನ್ನುವುದು ಬೇರೆ ಮಾತು. ಹಾಗಾಗಿ ಎಲ್ಲರ ಎದುರಿಗೇ ಬರೆಯೋಣ ಅನ್ನಿಸಿತು.

ಕೇಳುವುದು ದೊಡ್ಡದೇನಲ್ಲ. ಜನ ಒಂದು ಊರು ಬಿಟ್ಟು ಇನ್ನೊಂದು ಊರು ಸೇರುವ ಕಥೆಯನ್ನು ಚಿತ್ರದಲ್ಲಿ, ಫೋಟೋದಲ್ಲಿ ಹೇಳುವ ಒಳ್ಳೆಯ ಪುಸ್ತಕಗಳಿವೆ. ಅವನ್ನು ನಮ್ಮ ಜಿಲ್ಲೆಯ ಗ್ರಂಥಾಲಯಗಳಿಗೆ ತರಿಸಿ. ತರಿಸಿದ್ದನ್ನು ಬೀರುವಿನಲ್ಲಿಟ್ಟು ಬೀಗ ಹಾಕಬೇಡಿ. ಆಮೇಲೆ, ಇದೇ ಮುಖ್ಯ, ನಮ್ಮ ಜಿಲ್ಲೆಯದೇ ಅಂಥ ಪುಸ್ತಕಗಳನ್ನು ಮಾಡಿಸಿ.

ಯಾಕೆ ಅಂತ ಹೇಳುತ್ತೇನೆ. ಎಂಟನೇ ಕ್ಲಾಸಿಗೆ ಹೊಸದಾಗಿ ಬಂದ ಮಕ್ಕಳಿಗೆ 'ನಿಮ್ಮ ಊರಿನ ಚಿತ್ರ ಬರೆಯಿರಿ' ಅಂದರೆ ಏನು ಬರೆಯುತ್ತಾರೆ ಗೊತ್ತಾ? ಎರಡು ಬೆಟ್ಟ. ನಡುವೆ ಸೂರ್ಯ. ಸೂರ್ಯನ ಕೆಳಗಿಂದ ಇಳಿದು ಬರುವ ಒಂದು ಹೊಳೆ. ಹೊಳೆಯ ಪಕ್ಕ ಒಂದು ಗುಡಿಸಲು, ಒಂದು ತೆಂಗಿನ ಮರ. ಬೆಟ್ಟ ಸರಿ, ನಮ್ಮಲ್ಲಿ ಬೇಕಾದಷ್ಟಿವೆ. ಆದರೆ ವರ್ಷವಿಡೀ ಹರಿಯುವ ಹೊಳೆ ಕೋಲಾರ ಜಿಲ್ಲೆಯಲ್ಲಿ ಒಂದೂ ಇಲ್ಲ. ಈಗ ನಮ್ಮ ಎಷ್ಟೋ ಕೆರೆ ತುಂಬುತ್ತಿರುವುದು ಬೆಂಗಳೂರಿನವರು ಬಳಸಿ ಬಿಟ್ಟ ನೀರನ್ನು ಶುದ್ಧ ಮಾಡಿ ಪೈಪಿನಲ್ಲಿ ಹರಿಸಿದ್ದರಿಂದ. ನೀರು ಕೂಡ ವಲಸೆ ಬಂದದ್ದೇ! ಮಕ್ಕಳು ಮಾತ್ರ ಹೊಳೆ ಬರೆಯುತ್ತಾರೆ. ಅದು ಅವರ ತಪ್ಪಲ್ಲ. ಯಾವತ್ತೂ ನೋಡಿದ ಚಿತ್ರ ಅದೊಂದೇ. ತಾವು ದಿನಾ ಕಾಣುವ ಬಾಗಿಲು, ಬೀದಿ, ಸ್ಟೇಷನ್ನು ಚಿತ್ರಕ್ಕೆ ಬರುವಂಥ ವಸ್ತು ಅಂತ ಯಾವ ಪುಸ್ತಕವೂ ಅವರಿಗೆ ತೋರಿಸಿಲ್ಲ.

ಅವರು ದಿನಾ ಕಾಣುವುದು ಏನು? ಬೆಳಗಿನ ಜಾವ ಮಾರಿಕುಪ್ಪದಿಂದ ಹೊರಟು ಬಂಗಾರಪೇಟೆ ಮೇಲೆ ಬೆಂಗಳೂರಿಗೆ ಹೋಗುವ ರೈಲು. ಅದರಲ್ಲಿ ನಿಲ್ಲಲೂ ಜಾಗ ಇಲ್ಲದಂತೆ ತುಂಬಿಕೊಂಡ ಜನ. ಅಪ್ಪ ಅಥವಾ ಅಮ್ಮ ಅದರಲ್ಲಿ ಹೋಗಿ ರಾತ್ರಿ ಮಕ್ಕಳು ಮಲಗುವ ಹೊತ್ತಿಗೆ ವಾಪಸ್ ಬರುತ್ತಾರೆ. ಮಾಲೂರಿನ ಕಡೆ ಇಟ್ಟಿಗೆ ಭಟ್ಟಿಗಳು. ಒಡಿಶಾ, ಬಿಹಾರದಿಂದ ಬಂದ ಸಂಸಾರಗಳು ಅಲ್ಲೇ ಶೆಡ್ಡು ಹಾಕಿಕೊಂಡಿರುತ್ತವೆ. ನರಸಾಪುರ, ವೇಮಗಲ್ ಕಡೆ ಕಾರ್ಖಾನೆಗಳು. ಸುತ್ತಮುತ್ತಲ ಹಳ್ಳಿಗಳಲ್ಲಿ ಬಾಡಿಗೆ ರೂಮುಗಳ ತುಂಬಾ ಅಸ್ಸಾಂ, ಜಾರ್ಖಂಡ್‌ನ ಹುಡುಗರು, ಹುಡುಗಿಯರು. ಮುಳಬಾಗಿಲು, ಶ್ರೀನಿವಾಸಪುರದ ಕಡೆ ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ. ಕೆಜಿಎಫ್‌ನಲ್ಲಿ ತಮಿಳು. ನಮ್ಮ ಜಿಲ್ಲೆಯ ಒಂದು ಕ್ಲಾಸಿನಲ್ಲಿ ಮೂರ್ನಾಲ್ಕು ಮನೆಮಾತು ಇರುವುದು ಯಾರಿಗೂ ಆಶ್ಚರ್ಯದ ವಿಷಯವೇ ಅಲ್ಲ.

ಕೆಜಿಎಫ್ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು. ಸಿನಿಮಾ ನೋಡಿದವರಿಗೆ ಬಂದೂಕು ಗೊತ್ತು, ಗಣಿ ಕಾರ್ಮಿಕರು ಸಾಲಾಗಿ ವಾಸವಿದ್ದ ಲೈನ್ ಮನೆ ಗೊತ್ತಿಲ್ಲ.

1880ರ ದಶಕದಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಕಂಪನಿ ಅಲ್ಲಿ ಗಣಿ ಕೆಲಸ ಕೈಗೆತ್ತಿಕೊಂಡಿತು. ಆಳಕ್ಕೆ ಇಳಿಯಲು ಜನ ಬೇಕಿತ್ತು. ಉತ್ತರ ಆರ್ಕಾಟು, ಸೇಲಂ, ಚಿತ್ತೂರು ಕಡೆಗಳಿಂದ ಬಂದರು. ಬಹುಪಾಲು ದಲಿತರು. ಊರಿನಲ್ಲಿ ಜಮೀನ್ದಾರನ ಹೊಲ, ಜೀತ, ಬರ. ಇಲ್ಲಿ ಭೂಮಿಯ ಕೆಳಗಿನ ಕತ್ತಲು. ಎರಡರಲ್ಲಿ ಒಂದನ್ನು ಆರಿಸಿಕೊಂಡರು. ಇಂಗ್ಲೆಂಡಿನ ಕಾರ್ನ್‌ವಾಲ್‌ನಿಂದ ಗಣಿ ಕೆಲಸ ಬಲ್ಲವರು ಬಂದರು. ಇಟಲಿಯವರು ಬಂದರು. ಆಂಗ್ಲೋ ಇಂಡಿಯನ್ನರು, ಕಾವಲಿಗೆ ಪಂಜಾಬಿನವರು. 1902ರಲ್ಲಿ ಶಿವನಸಮುದ್ರದಿಂದ ಕರೆಂಟು ಬಂತು, ಬೆಂಗಳೂರಿಗಿಂತ ಮುಂಚೆ. ಗಣಿ 3 ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಹೋಯಿತು. 1956ರಲ್ಲಿ ಸರ್ಕಾರದ ಕೈಗೆ ಬಂತು, 1972ರಲ್ಲಿ ಬಿಜಿಎಂಎಲ್ (ಭಾರತ್ ಗೋಲ್ಡ್ ಮೈನ್ಸ್ ಲಿಮಿಟೆಡ್) ಆಯಿತು, 2001ರ ಫೆಬ್ರವರಿ 28ಕ್ಕೆ ಬಾಗಿಲು ಮುಚ್ಚಿತು. ಮುತ್ತಜ್ಜ ಕೆಲಸ ಹುಡುಕಿಕೊಂಡು ಬಂದ ಊರಿನಿಂದ ಮರಿಮೊಮ್ಮಗ ಕೆಲಸ ಹುಡುಕಿಕೊಂಡು ದಿನಾ ರೈಲು ಹತ್ತುತ್ತಾನೆ.

ಇಷ್ಟನ್ನು ಸಾಮಾನ್ಯ ಜ್ಞಾನದ ಪುಸ್ತಕದಲ್ಲೂ ಓದಬಹುದು. ಅದರಲ್ಲಿ ಸಿಗದ ಒಂದು ವಿಷಯ ಇದೆ. ಗ್ರಂಥಾಲಯ ನಡೆಸುವ ನಿಮಗೆ ಅದು ಖುಷಿ ಕೊಡಬೇಕು.

ಅಯೋತಿದಾಸ ಪಂಡಿತರು (1845–1914) ಅಂತ ಒಬ್ಬರಿದ್ದರು. ಅಂಬೇಡ್ಕರ್‌ಗಿಂತ ಮುಂಚೆಯೇ ದಲಿತರಿಗೆ ಬೌದ್ಧ ಧರ್ಮದ ದಾರಿ ತೋರಿಸಿದವರು. 1907ರಲ್ಲಿ ಮದ್ರಾಸಿನಿಂದ 'ಒರು ಪೈಸಾ ತಮಿಳನ್' ಅಂತ ವಾರಪತ್ರಿಕೆ ಶುರು ಮಾಡಿದರು. ಬೆಲೆ ಹೆಸರಿನಲ್ಲೇ ಇದೆ. ಆ ಪತ್ರಿಕೆಗೆ ನಮ್ಮ ಚಿನ್ನದ ಗಣಿಯಲ್ಲಿ ಓದುಗರಿದ್ದರು. ಮಾರಿಕುಪ್ಪದಲ್ಲಿ ಅವರ ಬೌದ್ಧ ಸಂಘದ ಶಾಖೆ ಇತ್ತು. ಅವರು ತೀರಿಕೊಂಡ ಮೇಲೆ ಪತ್ರಿಕೆ ನಿಂತಿತು. 1926ರಲ್ಲಿ ಅದನ್ನು ಮತ್ತೆ ಎಬ್ಬಿಸಿದ್ದು ಎಲ್ಲಿ? ಮದ್ರಾಸಿನಲ್ಲಲ್ಲ, ಕೆಜಿಎಫ್‌ನಲ್ಲಿ, ಅಪ್ಪಾದುರೈಯಾರ್ ಅವರ ಸಂಪಾದಕತ್ವದಲ್ಲಿ. ಪಂಡಿತರ ಬರಹಗಳನ್ನು ಪುಸ್ತಕ ಮಾಡಿ ಹಂಚಿದ್ದೂ ಗಣಿಯ ಊರಿನ ಸಿದ್ಧಾರ್ಥ ಪುಸ್ತಕಶಾಲೆಯೇ.

ಒಂದು ಸಲ ಯೋಚನೆ ಮಾಡಿ ನೋಡಿ. ಪಾಳಿ ಮುಗಿಸಿ ಮೇಲೆ ಬಂದು, ತಟ್ಟಿಯ ಗೋಡೆಯ ಲೈನ್ ಮನೆಗಳಲ್ಲಿ ಇದ್ದ ಜನ. ಅಕ್ಷರ ಬಲ್ಲ ಒಬ್ಬ ಗಟ್ಟಿಯಾಗಿ ಓದಿದರೆ ಉಳಿದವರು ಕೂತು ಕೇಳುವ ಕಾಲ. ಅವರು ಪತ್ರಿಕೆ ನಡೆಸಿದರು, ಪುಸ್ತಕ ಪ್ರಕಟಿಸಿದರು. 1930ರಲ್ಲಿ ಬೆರಳಚ್ಚು ಕೊಟ್ಟು ಹೆಸರು ನೋಂದಾಯಿಸಬೇಕು ಅಂತ ಕಂಪನಿ ಹೊರಟಾಗ, ಕೊಡೋದಿಲ್ಲ ಅಂತ ಕೆಲಸ ನಿಲ್ಲಿಸಿದ್ದೂ ಅವರೇ. ತಾವು ಯಾರು ಅನ್ನುವುದನ್ನು ಕಂಪನಿಯ ದಫ್ತರು ಹೇಳುವುದು ಬೇಡ, ನಾವೇ ಹೇಳುತ್ತೇವೆ ಅನ್ನುವ ಹಟ ಅದು. ನಾನು ಹಾಗೆ ಓದಿಕೊಂಡಿದ್ದೇನೆ, ಇತಿಹಾಸದವರು ಬೇರೆ ಕಾರಣಗಳನ್ನೂ ಹೇಳಿಯಾರು. ಈ ಊರಿನ ಮಕ್ಕಳಿಗೆ ಇದನ್ನು ತೋರಿಸುವ ಒಂದೇ ಒಂದು ಚಿತ್ರಪುಸ್ತಕ ಕನ್ನಡದಲ್ಲಾಗಲಿ ತಮಿಳಿನಲ್ಲಾಗಲಿ ನನ್ನ ಕಣ್ಣಿಗೆ ಬಿದ್ದಿಲ್ಲ.

ಈಗ ಗ್ರಂಥಾಲಯದೊಳಗೆ ಬರೋಣ. ಜಿಲ್ಲೆಯಲ್ಲಿ ನಾನು ಹೋಗುವ ಗ್ರಂಥಾಲಯಗಳಲ್ಲಿ ಒಂದರ ಹೆಸರು ಹೇಳುವುದಿಲ್ಲ. ಅಲ್ಲಿನ ಸಿಬ್ಬಂದಿ ಒಳ್ಳೆಯವರು, ಇರುವ ಇಬ್ಬರೇ ಎಲ್ಲ ಕೆಲಸ ಮಾಡುತ್ತಾರೆ. ಬೆಳಗ್ಗೆ ಪೇಪರ್ ಓದುವ ಹಿರಿಯರು. ಹತ್ತು ಗಂಟೆ ಆದ ಮೇಲೆ ಎಫ್‌ಡಿಎ, ಎಸ್‌ಡಿಎ, ಪಿಡಿಒ, ಕೆಎಎಸ್ ಅಂತ ಓದುವ ಹುಡುಗರು. ಅವರಿಗೆ ಜಾಗ ಬೇಕು, ಅದರಲ್ಲಿ ಎರಡು ಮಾತಿಲ್ಲ. ನನ್ನ ತಕರಾರು ಬೇರೆ. ಕಲೆಯ ಪುಸ್ತಕಗಳು ಅಂತ ಇರುವುದೇ ಬೆರಳೆಣಿಕೆಯಷ್ಟು. ಅವೂ ಗಾಜಿನ ಬೀರುವಿನಲ್ಲಿ. ಕೇಳಿದರೆ 'ಸಾರ್, ಅದು ಪರಾಮರ್ಶನ, ಮನೆಗೆ ಕೊಡೋ ಹಾಗಿಲ್ಲ, ಮಕ್ಕಳು ಮುಟ್ಟಿದರೆ ಹಾಳಾಗುತ್ತೆ' ಅನ್ನುತ್ತಾರೆ. ಪುಸ್ತಕ ಕಳೆದುಹೋದರೆ ಅವರ ಸಂಬಳದಲ್ಲಿ ಹಿಡಿದಾರು ಅನ್ನುವ ಭಯ ಅವರಿಗೆ. ಅದು ನ್ಯಾಯವಾದ ಭಯವೇ. ಪರಿಹಾರ ಮಾತ್ರ ಮೇಲಿಂದ ಬರಬೇಕು, ಅಂದರೆ ನಿಮ್ಮಿಂದ. ದುಬಾರಿ ಪುಸ್ತಕ ಓದಿ ಓದಿ ಹರಿದರೆ ಅದನ್ನು ನಷ್ಟ ಅಂತ ಬರೆಯಬೇಡಿ, ಬಳಕೆ ಅಂತ ಬರೆಯಿರಿ. ಒಂದು ಸುತ್ತೋಲೆಯಲ್ಲಿ ಆಗುವ ಕೆಲಸ.

ಯಾವ ಪುಸ್ತಕಗಳು ಅಂತ ನೀವು ಕೇಳಬಹುದು. ಪಟ್ಟಿ ಕೊಡುವುದಿಲ್ಲ. ಕೆಲವನ್ನು ಮಾತ್ರ, ನನಗೆ ಇಷ್ಟವಾದ ಕಾರಣದ ಸಮೇತ ಹೇಳುತ್ತೇನೆ.

ಮೊದಲನೆಯದು ಜೇಕಬ್ ಲಾರೆನ್ಸ್ ಅವರದು. ಅಮೆರಿಕದ ಕಪ್ಪು ಕಲಾವಿದರು, 1917ರಲ್ಲಿ ಹುಟ್ಟಿದವರು. ಅಪ್ಪ ಅಮ್ಮ ದಕ್ಷಿಣದ ರಾಜ್ಯಗಳಿಂದ ಉತ್ತರಕ್ಕೆ ಗುಳೆ ಬಂದವರು. 1910ರ ದಶಕದಿಂದ 1970ರವರೆಗೆ ಸುಮಾರು 60 ಲಕ್ಷ ಕಪ್ಪು ಜನ ಹಾಗೆ ದಕ್ಷಿಣ ಬಿಟ್ಟರು. ಹತ್ತಿ ಹೊಲದ ಸಾಲ, ಗುಂಪು ಕಟ್ಟಿ ಕೊಲ್ಲುವವರ ಭಯ, ಬೆಳೆ ತಿಂದ ಹುಳು. ಉತ್ತರದಲ್ಲಿ ಕಾರ್ಖಾನೆ, ಉಕ್ಕು, ರೈಲು. ಈ ಕಥೆಯನ್ನು ಲಾರೆನ್ಸ್ 60 ಸಣ್ಣ ಚಿತ್ರಗಳಲ್ಲಿ ಹೇಳಿದರು. 1941ರಲ್ಲಿ ಅದು ಮುಗಿದಾಗ ಅವರಿಗೆ 23 ವರ್ಷ. ಮೊದಲ ಚಿತ್ರದಲ್ಲಿ ರೈಲ್ವೆ ಸ್ಟೇಷನ್, ದ್ವಾರಗಳ ಕಡೆ ನುಗ್ಗುವ ಜನ. ಕೊನೆಯ ಚಿತ್ರದಲ್ಲೂ ಸ್ಟೇಷನ್, ಪ್ಲಾಟ್‌ಫಾರ್ಮಿನ ಉದ್ದಕ್ಕೂ ಗಂಟುಮೂಟೆ ಇಟ್ಟುಕೊಂಡು ಕಾಯುವ ಜನ. ನಡುವೆ ಜೈಲು, ಗಲಭೆ, ಒಂದೇ ಕೋಣೆಯಲ್ಲಿ ಒತ್ತೊತ್ತಾಗಿ ಮಲಗಿದವರು, ಕಪ್ಪು ಹಲಗೆಯ ಮೇಲೆ ಅಂಕಿ ಬರೆಯುವ ಮೂವರು ಹುಡುಗಿಯರು. ನಮ್ಮ ಬಂಗಾರಪೇಟೆ ಮಕ್ಕಳಿಗೆ ಮೊದಲ ಚಿತ್ರ ತೋರಿಸಿದರೆ ಸಾಕು, ಉಳಿದ ಪಾಠ ಅವರೇ ಮಾಡುತ್ತಾರೆ.

ಅವರು ಕೆಲಸ ಮಾಡಿದ ರೀತಿ ಇನ್ನೂ ಚೆನ್ನ. ಮೊದಲು ಎಲ್ಲ ಚಿತ್ರಗಳ ವಿವರಣೆ ಬರೆದುಕೊಂಡರು. ಹೆಂಡತಿ ಗ್ವೆಂಡಲಿನ್ ನೈಟ್, ಅವರೂ ಕಲಾವಿದೆ, ಹಲಗೆ ಸಿದ್ಧ ಮಾಡಲು ಕೈಜೋಡಿಸಿದರು. 60 ಹಲಗೆಗಳನ್ನೂ ಒಟ್ಟಿಗೆ ಹರಡಿಕೊಂಡು ಒಂದು ಬಣ್ಣ ತೆಗೆದುಕೊಂಡರೆ ಅದನ್ನು ಎಲ್ಲ ಹಲಗೆಗೂ ಹಚ್ಚಿ, ಆಮೇಲೆ ಮುಂದಿನ ಬಣ್ಣ. ಹಾಗಾಗಿ ಮೊದಲ ಚಿತ್ರದ ಹಳದಿಯೇ ಕೊನೆಯ ಚಿತ್ರದಲ್ಲೂ ಇರುತ್ತದೆ, ಸ್ವಲ್ಪವೂ ಆಚೀಚೆ ಇಲ್ಲ. ದುಬಾರಿ ಬಣ್ಣ ಇಲ್ಲದ ಶಾಲೆಗೆ ಇದಕ್ಕಿಂತ ಒಳ್ಳೆಯ ಪಾಠ ಬೇಕಾ? ನಾಲ್ಕು ಡಬ್ಬಿ ಬಣ್ಣದಲ್ಲಿ ಒಂದು ಇಡೀ ತರಗತಿ ಒಂದು ಕಥೆ ಬರೆಯಬಹುದು. ಇನ್ನೊಂದು ವಿಷಯ ನಿಮಗೋಸ್ಕರವೇ ಹೇಳುತ್ತಿದ್ದೇನೆ. ಲಾರೆನ್ಸ್ ಈ ಇತಿಹಾಸವನ್ನು ಓದಿ ತಿಳಿದುಕೊಂಡದ್ದು ನ್ಯೂಯಾರ್ಕಿನ ಹಾರ್ಲೆಮ್‌ನ ಸಾರ್ವಜನಿಕ ಗ್ರಂಥಾಲಯದಲ್ಲಿ, 135ನೇ ಬೀದಿಯ ಶಾಖೆಯಲ್ಲಿ. ಕಪ್ಪು ಜನರ ಬಗ್ಗೆ ಪುಸ್ತಕ, ಕಾಗದಪತ್ರಗಳನ್ನು ಅಲ್ಲಿ ಜೋಡಿಸಿಟ್ಟಿದ್ದರು. ಒಂದು ಶಾಖಾ ಗ್ರಂಥಾಲಯ ತನ್ನ ಬೀದಿಯ ಜನರ ಕಥೆಯನ್ನು ಕೂಡಿಟ್ಟಿತ್ತು, ಅದರಿಂದ ಒಬ್ಬ ಬಡ ಹುಡುಗ ದೊಡ್ಡ ಕಲೆ ಮಾಡಿದ. ಇವತ್ತು ಆ ಚಿತ್ರಗಳಲ್ಲಿ ಅರ್ಧ ವಾಷಿಂಗ್ಟನ್ನಿನ ಫಿಲಿಪ್ಸ್ ಸಂಗ್ರಹದಲ್ಲಿವೆ, ಅರ್ಧ ನ್ಯೂಯಾರ್ಕಿನ ಆಧುನಿಕ ಕಲೆಯ ಮ್ಯೂಸಿಯಮ್ಮಿನಲ್ಲಿ. ಪುಸ್ತಕದಲ್ಲಿ ಎಲ್ಲವೂ ಒಟ್ಟಿಗೆ ಸಿಗುತ್ತವೆ.

ಎರಡನೆಯದು ನಮ್ಮ ದೇಶದ್ದೇ. ಮಧ್ಯಪ್ರದೇಶದ ಪಾಟನಗಢ ಅನ್ನುವ ಗೋಂಡ ಆದಿವಾಸಿಗಳ ಹಳ್ಳಿಯವರು ಭಜ್ಜು ಶ್ಯಾಮ್. ಕೆಲಸ ಹುಡುಕಿಕೊಂಡು ಭೋಪಾಲಕ್ಕೆ ಬಂದು ರಾತ್ರಿ ಕಾವಲು ಕಾದವರು. ಚಿಕ್ಕಪ್ಪ ಜನಗಢ ಸಿಂಗ್ ಶ್ಯಾಮ್ ಅವರ ಹತ್ತಿರ ಚಿತ್ರ ಕಲಿತರು. ಲಂಡನ್ನಿನ ಒಂದು ಹೋಟೆಲಿನ ಗೋಡೆಗೆ ಚಿತ್ರ ಬರೆಯಲು ಅವರನ್ನು ಕರೆಸಿಕೊಂಡರು. ವಾಪಸ್ ಬಂದು ತಾನು ಕಂಡ ಲಂಡನ್ನನ್ನು ಗೋಂಡ ಕಣ್ಣಿನಲ್ಲಿ ಬರೆದರು. ಚೆನ್ನೈನ ತಾರಾ ಬುಕ್ಸ್ 2004ರಲ್ಲಿ ಅದನ್ನು 'ದಿ ಲಂಡನ್ ಜಂಗಲ್ ಬುಕ್' ಅಂತ ಹೊರತಂದಿತು. ಅದರಲ್ಲಿ ವಿಮಾನ ಅಂದರೆ ರೆಕ್ಕೆ ಬಂದ ಆನೆ. ಬಿಗ್ ಬೆನ್ ಗಡಿಯಾರ ಕೋಳಿ ಹುಂಜದ ಜೊತೆ ಸೇರಿಕೊಂಡಿದೆ, ಎರಡೂ ಹೊತ್ತು ಹೇಳುವಂಥವೇ ಅಲ್ವಾ. ಅವರು ದಿನಾ ಹತ್ತುತ್ತಿದ್ದ 30ನೇ ನಂಬರಿನ ಬಸ್ಸು ನಂಬಿಗಸ್ತ ನಾಯಿ ಆಗಿದೆ. 2018ರಲ್ಲಿ ಅವರಿಗೆ ಪದ್ಮಶ್ರೀ ಬಂತು.

ಈ ಪುಸ್ತಕ ನನಗೆ ಯಾಕೆ ಜಾಸ್ತಿ ಇಷ್ಟ ಅಂದರೆ, ಇದರಲ್ಲಿ ವಲಸೆ ಹೋದವನು ಅಳುತ್ತಾ ಕೂತಿಲ್ಲ. ಹೊಸ ಊರನ್ನು ನೋಡಿ ಹೆದರುತ್ತಾನೆ, ನಗುತ್ತಾನೆ, ತನ್ನ ಕಣ್ಣಿನಿಂದ ಅದಕ್ಕೊಂದು ರೂಪ ಕೊಡುತ್ತಾನೆ. ಊರು ಬಿಟ್ಟವರನ್ನು ಕುರಿತು ಬರೆಯುವಾಗ ನಮ್ಮಲ್ಲಿ ಅಯ್ಯೋ ಪಾಪ ಅನ್ನುವ ರಾಗ ಬೇಗ ಬಂದುಬಿಡುತ್ತದೆ. ಒಡಿಶಾದ ಹುಡುಗಿ ಮಾಲೂರನ್ನು ಹೇಗೆ ನೋಡುತ್ತಾಳೆ ಅಂತ ಯಾರಾದರೂ ಕೇಳಿದ್ದಾರಾ? ನಮ್ಮ ರಾಗಿ ಮುದ್ದೆ ಅವಳ ಕಣ್ಣಿಗೆ ಏನಾಗಿ ಕಂಡಿರಬಹುದು? ಕೋಲಾರಮ್ಮನ ಗುಡಿ, ಅಂತರಗಂಗೆಯ ಬಂಡೆಗಳು, ಟೊಮೆಟೊ ಮಂಡಿಯ ಹರಾಜಿನ ಕೂಗು? ಅವಳ ಕೈಗೆ ಈ ಪುಸ್ತಕ ಕೊಟ್ಟು, ಪಕ್ಕದಲ್ಲಿ ಬಿಳಿ ಹಾಳೆ ಇಟ್ಟು ನೋಡಬೇಕು.

ಮೂರನೆಯದು ಶಾನ್ ಟಾನ್ ಅವರ 'ದಿ ಅರೈವಲ್'. 2006ರದು. ಟಾನ್ ಆಸ್ಟ್ರೇಲಿಯಾದವರು, ತಂದೆ ಮಲೇಷ್ಯಾದಿಂದ ಅಲ್ಲಿಗೆ ಹೋದವರು. ಈ ಪುಸ್ತಕದಲ್ಲಿ ಓದುವುದಕ್ಕೆ ಒಂದು ಪದವೂ ಇಲ್ಲ. ಒಬ್ಬ ಮನುಷ್ಯ ಹೆಂಡತಿ ಮಗಳನ್ನು ಬಿಟ್ಟು ಹಡಗು ಹತ್ತಿ ಗೊತ್ತಿಲ್ಲದ ನಗರಕ್ಕೆ ಹೋಗುತ್ತಾನೆ. ಅಲ್ಲಿನ ಅಕ್ಷರ, ಪ್ರಾಣಿ, ತಿಂಡಿ ಎಲ್ಲವೂ ಟಾನ್ ಕಟ್ಟಿದ ಕಲ್ಪನೆ. ಹಾಗಾಗಿ ಅವನಿಗೆ ಅರ್ಥವಾಗದ್ದು ನಮಗೂ ಅರ್ಥವಾಗುವುದಿಲ್ಲ. ಕೋಲಾರಕ್ಕೆ ಇದಕ್ಕಿಂತ ಅನುಕೂಲದ ಪುಸ್ತಕ ಇಲ್ಲ. ಅನುವಾದಕ್ಕೆ ಟೆಂಡರ್ ಕರೆಯಬೇಕಿಲ್ಲ. ಕನ್ನಡ, ತೆಲುಗು, ತಮಿಳು, ಉರ್ದು, ಒಡಿಯಾ ಮನೆಮಾತಿನ ಮಕ್ಕಳು ಒಂದೇ ಪ್ರತಿಯ ಸುತ್ತ ಕೂರಬಹುದು. ಅಕ್ಷರ ಬಾರದ ಅಜ್ಜಿಯೂ ಕೂರಬಹುದು.

ದೊಡ್ಡವರಿಗೆ ಜಾನ್ ಬರ್ಜರ್ ಬರೆದು, ಜಾನ್ ಮೋರ್ ಫೋಟೋ ತೆಗೆದ 'ಎ ಸೆವೆಂತ್ ಮ್ಯಾನ್' ಇದೆ, 1975ರದು. ಯುರೋಪಿನ ಕಾರ್ಖಾನೆಗಳಿಗೆ ಟರ್ಕಿ, ಪೋರ್ಚುಗಲ್ ಕಡೆಯಿಂದ ಬಂದ ಕೂಲಿಗಳ ಬಗ್ಗೆ. ಆಗ ಜರ್ಮನಿ, ಬ್ರಿಟನ್ನಿನಲ್ಲಿ ಮೈಮುರಿದು ದುಡಿಯುವ ಏಳು ಜನರಲ್ಲಿ ಒಬ್ಬ ಹೊರಗಿನವನು. ಹೆಸರು ಬಂದದ್ದು ಅಲ್ಲಿಂದ. ಗಡಿ ಕದ್ದು ದಾಟುವ ಪೋರ್ಚುಗಲ್‌ನವರು ತಮ್ಮ ಫೋಟೋವನ್ನು ಎರಡಾಗಿ ಹರಿಯುತ್ತಿದ್ದರಂತೆ. ಅರ್ಧ ದಾಟಿಸುವವನ ಕೈಗೆ, ಅರ್ಧ ತಮ್ಮ ಹತ್ತಿರ. ಸುರಕ್ಷಿತವಾಗಿ ತಲುಪಿದ ಮೇಲೆ ತಮ್ಮ ಅರ್ಧವನ್ನು ಮನೆಗೆ ಕಳಿಸುತ್ತಿದ್ದರು. ದಾಟಿಸಿದವನು ತನ್ನ ಅರ್ಧ ತಂದು ತೋರಿಸಿ, ಎರಡೂ ಕೂಡಿದರೆ ಮನೆಯವರು ದುಡ್ಡು ಕೊಡುವರು. ಇಂಥದ್ದನ್ನು ಅಂಕಿಅಂಶದ ವರದಿ ಹೇಳುವುದಿಲ್ಲ. ಇನ್ನು ಬ್ರೆಜಿಲಿನ ಸೆಬಾಸ್ಟಿಯೋ ಸಲ್ಗಾಡೊ ಸೆರ್ರಾ ಪೆಲಾಡಾ ಚಿನ್ನದ ಗಣಿಯಲ್ಲಿ ತೆಗೆದ ಫೋಟೋಗಳು. ಮಣ್ಣಿನ ಮೂಟೆ ಹೊತ್ತು ಏಣಿ ಹತ್ತುವ ಸಾವಿರಾರು ಜನ. ಕೆಜಿಎಫ್‌ನಲ್ಲಿ ನಿವೃತ್ತರಾದ ಯಾರಿಗಾದರೂ ಆ ಪುಟ ತೋರಿಸಿ, ಆಮೇಲೆ ಅವರು ಹೇಳುವ ಕಥೆಯನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಳ್ಳಿ.

ಇವೆಲ್ಲ ಇಂಗ್ಲಿಷ್ ಪುಸ್ತಕಗಳು, ಅಮೆರಿಕ ಯುರೋಪಿನ ಗೋಳು ನಮಗ್ಯಾಕೆ ಅಂತ ಸಮಿತಿಯಲ್ಲಿ ಯಾರಾದರೂ ಕೇಳೇ ಕೇಳುತ್ತಾರೆ. ಕೇಳಲಿ. ನಮ್ಮ ಊರಿನ ಬಗ್ಗೆ ಇಂಥ ಪುಸ್ತಕ ಇದ್ದಿದ್ದರೆ ನಾನು ಹಾರ್ಲೆಮ್‌ವರೆಗೆ ಹೋಗುತ್ತಿರಲಿಲ್ಲ. ಬೇರೆಯವರು ತಮ್ಮ ಕಥೆಯನ್ನು ಹೇಗೆ ಕಟ್ಟಿದರು ಅಂತ ನೋಡದೆ ನಮ್ಮದನ್ನು ಕಟ್ಟುವುದು ಕಷ್ಟ. ಚಿತ್ರ ಕಲಿಸುವವನಾಗಿ ಇಷ್ಟು ಹೇಳಬಲ್ಲೆ, ಹುಡುಗರು ಪಾಠಕ್ಕಿಂತ ಮಾದರಿ ನೋಡಿ ಬೇಗ ಕಲಿಯುತ್ತಾರೆ.

ಇನ್ನೊಂದು ಪ್ರಶ್ನೆ ಸ್ವಲ್ಪ ಸೂಕ್ಷ್ಮ. ಗಡಿ ಜಿಲ್ಲೆ, ಕನ್ನಡಕ್ಕೇ ಇಲ್ಲಿ ಬಲ ಬೇಕು, ಅಂಥದ್ದರಲ್ಲಿ ತಮಿಳು, ತೆಲುಗು, ಒಡಿಯಾ ಪುಸ್ತಕ ಇಟ್ಟರೆ ಕನ್ನಡದ ಗತಿ ಏನು? ಈ ಆತಂಕವನ್ನು ನಾನು ಹಗುರವಾಗಿ ನೋಡುವುದಿಲ್ಲ. ನಾನೂ ಕನ್ನಡದ ಅನ್ನ ತಿನ್ನುವವನು, ನನ್ನ ಮನೆಮಾತು ತೆಲುಗು. ಆದರೆ ನಮ್ಮ ಜಿಲ್ಲೆಯ ದೊಡ್ಡ ಹೆಸರುಗಳನ್ನು ನೋಡಿ. ಮಾಲೂರು ತಾಲ್ಲೂಕಿನ ಮಾಸ್ತಿ ತಮಿಳು ಮಾತನಾಡುವ ಮನೆಯಲ್ಲಿ ಹುಟ್ಟಿದವರು. 1983ರ ಜ್ಞಾನಪೀಠ ಬಂದದ್ದು ಅವರ ಕನ್ನಡಕ್ಕೆ. 2007ರವರೆಗೆ ನಮ್ಮ ಜಿಲ್ಲೆಯಲ್ಲೇ ಇದ್ದ, ಈಗ ಚಿಕ್ಕಬಳ್ಳಾಪುರಕ್ಕೆ ಸೇರಿರುವ ಕೈವಾರದ ತಾತಯ್ಯನವರು ತೆಲುಗಿನಲ್ಲೂ ಹಾಡಿದರು, ಕನ್ನಡದಲ್ಲೂ ಹಾಡಿದರು. ಮನೆಮಾತನ್ನು ಬಾಗಿಲಲ್ಲಿ ಬಿಟ್ಟು ಬಾ ಅಂದವರ ಹತ್ತಿರ ಮಕ್ಕಳು ಕನ್ನಡ ಕಲಿಯುವುದಿಲ್ಲ. ಗ್ರಂಥಾಲಯದಲ್ಲಿ ತನ್ನ ಅಜ್ಜಿಯ ಲಿಪಿಯ ಒಂದು ಪುಸ್ತಕ ಕಂಡ ಮಗು ಪಕ್ಕದ ಕನ್ನಡ ಪುಸ್ತಕಕ್ಕೂ ಕೈ ಹಾಕುತ್ತದೆ. ಚಿತ್ರಪುಸ್ತಕ ಆದರೆ ಇನ್ನೂ ಸುಲಭ, ಒಂದೇ ಪುಟದಲ್ಲಿ ಎರಡು ಭಾಷೆಯ ಸಾಲು ಹಾಕಬಹುದು.

ದುಡ್ಡಿನ ವಿಷಯಕ್ಕೆ ಬರುತ್ತೇನೆ. ಸಗಟು ಖರೀದಿಯಲ್ಲಿ ಪುಟ ಎಣಿಸಿ ದರ ಕಟ್ಟುವ ಪದ್ಧತಿ ಪ್ರಕಾಶಕರಿಗೆಲ್ಲ ಗೊತ್ತು. ಕಾದಂಬರಿಗೆ ಅದು ಹೇಗೋ ನಡೆಯುತ್ತದೆ. ಚಿತ್ರದ ಪುಸ್ತಕ ತೆಳ್ಳಗಿರುತ್ತದೆ, ಕಾಗದ ದಪ್ಪ, ಬಣ್ಣದ ಅಚ್ಚು, ಖರ್ಚು ಪುಟದಲ್ಲಿಲ್ಲ, ಅಚ್ಚಿನಲ್ಲಿದೆ. ಪುಟದ ಲೆಕ್ಕಕ್ಕೆ ಕೂರಿಸಿದರೆ ಒಳ್ಳೆಯ ಪುಸ್ತಕದವರು ಹತ್ತಿರ ಸುಳಿಯುವುದಿಲ್ಲ. ಮಸಿ ಮೆತ್ತಿದ ಮುದ್ರಣದವರು ಮಾತ್ರ ಬರುತ್ತಾರೆ. ಗೇಣುದ್ದದ ಬಟ್ಟೆಗೆ ಎಷ್ಟು ದರವೋ ಕಸೂತಿಗೂ ಅಷ್ಟೇ ಅಂದ ಹಾಗೆ. ಕಲೆ ಮತ್ತು ಮಕ್ಕಳ ಚಿತ್ರಪುಸ್ತಕಗಳಿಗೆ ಬೇರೆ ಮಾನದಂಡ ಇಟ್ಟು, ಆಯ್ಕೆಗೆ ಕೂರುವವರಲ್ಲಿ ಒಬ್ಬ ಕಲಾವಿದರನ್ನಾದರೂ ಕೂರಿಸಿ. ರಾಜ್ಯದಲ್ಲಿ ಲಲಿತಕಲಾ ಅಕಾಡೆಮಿ ಇದೆ, ಅವರನ್ನು ಕೇಳಿದರೆ ಹೆಸರು ಕೊಡುತ್ತಾರೆ.

ಈಗ ನಮ್ಮದೇ ಪುಸ್ತಕಗಳ ಮಾತು. ಕೆಜಿಎಫ್‌ನಲ್ಲಿ ಗಣಿಗೆ ಇಳಿದ ಕೊನೆಯ ತಲೆಮಾರು ಇನ್ನೂ ನಮ್ಮ ನಡುವೆ ಇದೆ, ಆದರೆ ವಯಸ್ಸಾಗುತ್ತಿದೆ. ಅವರ ಮನೆಯ ಟ್ರಂಕುಗಳಲ್ಲಿ ಮದುವೆಯ ಫೋಟೋ, ಫುಟ್‌ಬಾಲ್ ತಂಡದ ಫೋಟೋ, ಚರ್ಚಿನ ಹಬ್ಬದ ಫೋಟೋ ಇವೆ. ಚಿನ್ನ ತೆಗೆದ ಮೇಲೆ ಉಳಿದ ಪುಡಿಮಣ್ಣಿನ ಸೈನೈಡ್ ದಿಬ್ಬಗಳ ಧೂಳಿನಲ್ಲಿ ಆಡಿ ಬೆಳೆದವರ ನೆನಪುಗಳಿವೆ. ಇದನ್ನು ಕೂಡಿಸಲು ವಿಶ್ವವಿದ್ಯಾಲಯ ಬೇಕಿಲ್ಲ, ರಾಬರ್ಟ್‌ಸನ್‌ಪೇಟೆಯಲ್ಲಿ ಒಂದು ಸ್ಕ್ಯಾನರ್, ಒಂದು ಮೇಜು, ಭಾನುವಾರ ಬಾಗಿಲು ತೆಗೆಯುವ ಒಬ್ಬರು ಸಾಕು. ಫೋಟೋ ತಂದವರಿಗೆ ಅಲ್ಲೇ ವಾಪಸ್ ಕೊಡಬೇಕು, ಯಾರೂ ಮೂಲ ಪ್ರತಿ ಇಟ್ಟುಕೊಳ್ಳಬಾರದು. ಇದನ್ನು ಒತ್ತಿ ಹೇಳುತ್ತಿದ್ದೇನೆ. 'ಪುಸ್ತಕ ಮಾಡುತ್ತೇವೆ' ಅಂತ ಬಂದು ಆಲ್ಬಂ ತೆಗೆದುಕೊಂಡು ಹೋದವರು ಮತ್ತೆ ಬರಲಿಲ್ಲ ಅನ್ನುವ ಮಾತನ್ನು ನಾನು ಅಲ್ಲಿ ಕೇಳಿದ್ದೇನೆ.

ಮಾಲೂರು ತಾಲ್ಲೂಕಿನ ಶಿವಾರಪಟ್ಟಣದಲ್ಲಿ ಕಲ್ಲು, ಲೋಹದ ವಿಗ್ರಹ ಮಾಡುವ ಮನೆತನಗಳಿವೆ. ಅವರು ಕೆತ್ತಿದ ದೇವರು ಎಲ್ಲೆಲ್ಲಿಗೋ ಹೋಗಿ ನೆಲೆಸುತ್ತಾನೆ. ಆ ದಾರಿಯೇ ಒಂದು ಪುಸ್ತಕ. ಚಿಕ್ಕಬಳ್ಳಾಪುರ ಜಿಲ್ಲೆಯ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪನವರ ತಮಟೆಗೆ 2023ರಲ್ಲಿ ಪದ್ಮಶ್ರೀ ಬಂತು. ಸಾವಿನ ಮನೆಯ ಮುಂದೆ ಬಾರಿಸಲೇಬೇಕು ಅಂತ ಒಂದು ಜಾತಿಯ ಹೆಗಲಿಗೆ ಹೊರಿಸಿದ್ದ ವಾದ್ಯ ರಾಷ್ಟ್ರಪತಿ ಭವನದವರೆಗೆ ಹೇಗೆ ಹೋಯಿತು? ಅದನ್ನು ಮಕ್ಕಳಿಗೆ ಚಿತ್ರದಲ್ಲಿ ಹೇಳುವುದು ಸುಲಭವಲ್ಲ. ಅವಮಾನವನ್ನು ಮುಚ್ಚಿಟ್ಟು ಬರೀ ಪ್ರಶಸ್ತಿ ತೋರಿಸಿದರೆ ಸುಳ್ಳಾಗುತ್ತದೆ. ಕೋಲಾರದ ತೇರಹಳ್ಳಿ ಬೆಟ್ಟದ ಮೇಲೆ ಆದಿಮದಂಥ ಸಾಂಸ್ಕೃತಿಕ ಕೇಂದ್ರ ಇದೆ. ಇಂಥ ಕೆಲಸದಲ್ಲಿ ಪಳಗಿದ ಜನ ಅಲ್ಲಿದ್ದಾರೆ. ಅವರನ್ನು ಬರೀ ಉದ್ಘಾಟನೆಗೆ ಕರೆಯಬೇಡಿ, ಕೆಲಸಕ್ಕೆ ಕರೆಯಿರಿ.

ಒಂದು ಆಡಳಿತದ ತೊಡಕು ನನಗೆ ಗೊತ್ತಿದೆ. ಗ್ರಾಮ ಪಂಚಾಯತಿ ಗ್ರಂಥಾಲಯಗಳು 2019ರಿಂದ ಪಂಚಾಯತ್ ರಾಜ್ ಇಲಾಖೆಯ ಕೈಯಲ್ಲಿವೆ, ಈಗ ಅವುಗಳ ಹೆಸರು ಅರಿವು ಕೇಂದ್ರ. ನಿಮ್ಮದು ಜಿಲ್ಲೆ, ನಗರದ ಗ್ರಂಥಾಲಯಗಳು. ಭಟ್ಟಿಯ ಮಕ್ಕಳು ಇರುವುದು ಹಳ್ಳಿಯಲ್ಲಿ, ಪುಸ್ತಕ ಕೊಳ್ಳುವ ಶಕ್ತಿ ಇರುವುದು ನಗರದಲ್ಲಿ. ಎರಡು ಇಲಾಖೆ ಒಂದು ಮೇಜಿನಲ್ಲಿ ಕೂರುವವರೆಗೆ ಕಾಯುವುದು ಬೇಡ. ಒಂದು ದೊಡ್ಡ ಪೆಟ್ಟಿಗೆಯಲ್ಲಿ ಮೂವತ್ತು ನಲವತ್ತು ಚಿತ್ರಪುಸ್ತಕ ಹಾಕಿ, ತಿಂಗಳಿಗೊಂದು ಊರಿನಂತೆ ತಿರುಗಿಸಬಹುದು. ಮಾಲೂರಿನ ಭಟ್ಟಿಗಳ ಹತ್ತಿರದ ಶಾಲೆ, ನರಸಾಪುರದ ಅರಿವು ಕೇಂದ್ರ, ಆಂಡರ್ಸನ್‌ಪೇಟೆ, ಮುಳಬಾಗಿಲಿನ ಗಡಿ ಹಳ್ಳಿಗಳು. ಭಟ್ಟಿ ಕೆಲಸ ಮಳೆ ಶುರುವಾದರೆ ನಿಲ್ಲುತ್ತದೆ, ಆ ಮಕ್ಕಳು ಹೊರಟುಬಿಡುತ್ತಾರೆ. ಶಾಲೆಯ ವರ್ಷ ಶುರುವಾಗುವ ಜೂನ್ ತಿಂಗಳಲ್ಲಿ ಪೆಟ್ಟಿಗೆ ಕಳಿಸಿದರೆ ಅವರಿಗೆ ಸಿಗುವುದಿಲ್ಲ. ಚಳಿಗಾಲದಲ್ಲಿ ಮೊದಲು ಅಲ್ಲಿಗೆ ಹೋಗಬೇಕು, ಕೊನೆಗಲ್ಲ.

ಪೆಟ್ಟಿಗೆ ಹೊತ್ತು ತಿರುಗಲು ಸಿಬ್ಬಂದಿ ಇಲ್ಲ ಅನ್ನುತ್ತೀರಿ. ನಿಜವೇ. ಜಿಲ್ಲೆಯಲ್ಲಿ ನನ್ನಂಥ ಡ್ರಾಯಿಂಗ್ ಮೇಷ್ಟ್ರುಗಳು ಕಡಿಮೆ, ಆದರೂ ಇದ್ದೇವೆ. ನಮ್ಮ ಹೆಸರಿನಲ್ಲಿ ಪೆಟ್ಟಿಗೆ ಬರೆದುಕೊಡಿ, ರುಜು ಹಾಕುತ್ತೇವೆ. ಕಳೆದುಹೋದ ಪುಸ್ತಕಕ್ಕೆ ಮೇಷ್ಟ್ರ ಸಂಬಳ ಹಿಡಿಯುವುದಿಲ್ಲ ಅಂತ ಮಾತ್ರ ಬರಹದಲ್ಲಿ ಕೊಡಿ. ಈ ವರ್ಷದ ಖರೀದಿ ಪಟ್ಟಿ ಅಂತಿಮ ಆಗುವ ಮುಂಚೆ ಸಮಿತಿಯವರು ಕರೆದರೆ, ನನ್ನ ಸ್ವಂತ ಪ್ರತಿಗಳನ್ನು ತಂದು ತೋರಿಸಲು ಸಿದ್ಧ. ಶನಿವಾರ ಮಧ್ಯಾಹ್ನ ಆದರೆ ರಜೆ ಹಾಕಬೇಕಿಲ್ಲ.

ಇಂತಿ ನಮಸ್ಕಾರಗಳು,

ಒಬ್ಬ ಡ್ರಾಯಿಂಗ್ ಮೇಷ್ಟ್ರು
ಬಂಗಾರಪೇಟೆ ತಾಲ್ಲೂಕು, ಕೋಲಾರ ಜಿಲ್ಲೆ